ಶಾಂತ ಸ್ವಭಾವ, ವಿಧೇಯ ಹುಡುಗಿ: ಶಿಡ್ಲಘಟ್ಟ ತಾಲ್ಲೂಕಿನ ಒಂದು ಆಟಿಸಂ ಪ್ರಕರಣ

ಈ ಪ್ರಕರಣ ಚಿಕ್ಕಬಳ್ಳಾಪುರ ಜಿಲ್ಲೆಯ ಶಿಡ್ಲಘಟ್ಟ ತಾಲ್ಲೂಕಿನ ಒಂದು ಹಳ್ಳಿಯ 21 ವರ್ಷದ ಯುವತಿಯದು. ತಂದೆಗೆ ಎರಡು ಎಕರೆ ಹಿಪ್ಪುನೇರಳೆ ತೋಟವಿದೆ. ಮನೆಯ ಹಿಂದೆಯೇ ರೇಷ್ಮೆ ಹುಳು ಸಾಕುವ ಹುಳುಮನೆ. ಮನೆಯಲ್ಲಿ ತಾಯಿ, ಅಜ್ಜಿ ಮತ್ತು ಪಿಯುಸಿ ಓದುತ್ತಿರುವ ತಮ್ಮ ಇದ್ದಾರೆ. ಈ ಭಾಗದ ಅನೇಕ ಕುಟುಂಬಗಳಂತೆ ಅವರ ಮನೆಮಾತು ತೆಲುಗು, ಮಕ್ಕಳು ಓದಿದ್ದು ಕನ್ನಡ ಮಾಧ್ಯಮದಲ್ಲಿ. ಗುರುತು ಸಿಗದಿರಲೆಂದು ಕೆಲವು ವಿವರಗಳನ್ನು ಬದಲಿಸಿದ್ದೇನೆ. ಬರೆಯುವುದಕ್ಕೆ ಆಕೆಯ ಒಪ್ಪಿಗೆಯಿದೆ. ಕರಡನ್ನು ಓದಿ, ತಾನು ಆಡಿದ ಮಾತುಗಳನ್ನು ನಾನು ಚಂದಗೊಳಿಸಿದ್ದ ಕಡೆಯೆಲ್ಲ ಮೂಲಕ್ಕೆ ತಿದ್ದಿಕೊಟ್ಟವಳೂ ಆಕೆಯೇ.

2025ರ ಆರಂಭದಲ್ಲಿ ಗಂಡಿನ ಕಡೆಯವರು ಹೆಣ್ಣು ನೋಡಿಕೊಂಡು ಹೋದ ಮರುದಿನದಿಂದ ಆಕೆ ಮಾತು ನಿಲ್ಲಿಸಿದಳು. ಹುಳುಮನೆಯ ಮೂಲೆಯಲ್ಲಿ ಗೋಡೆಗೆ ಮುಖಮಾಡಿ ಕೂರುತ್ತಿದ್ದಳು, ಮೊಸರನ್ನ ಬಿಟ್ಟು ಬೇರೇನನ್ನೂ ಮುಟ್ಟುತ್ತಿರಲಿಲ್ಲ, ಕರೆದರೆ ತಿರುಗುತ್ತಿದ್ದಳಾದರೂ ಉತ್ತರ ಹೊರಡುತ್ತಿರಲಿಲ್ಲ. ಗಾಳಿ ಸೋಕಿದೆಯೆಂದು ಅಜ್ಜಿ ತಾಯತ ಕಟ್ಟಿಸಿದರು. ವಾರ ಕಳೆದ ಮೇಲೆ ಮಾತು ಚೂರುಚೂರಾಗಿ ಮರಳಿತು. ಮೊದಲು ತೋರಿಸಿದ ವೈದ್ಯರು ಖಿನ್ನತೆಗೆ ಮಾತ್ರೆ ಬರೆದರು. ಎರಡನೆಯವರು, ಮಗಳು ಒಬ್ಬಳೇ ಇದ್ದಾಗ ತುಟಿಯಾಡಿಸುತ್ತ ತನ್ನಷ್ಟಕ್ಕೆ ಮಾತಾಡಿಕೊಳ್ಳುತ್ತಾಳೆಂದು ತಾಯಿ ಹೇಳಿದ್ದನ್ನು ಕೇಳಿ ಮನೋವಿಕಾರದ (ಸೈಕೋಸಿಸ್, ಅಂದರೆ ಇಲ್ಲದ ಧ್ವನಿಗಳು ಕೇಳಿಸುವಂಥ ಕಾಯಿಲೆ) ಸಂದೇಹ ವ್ಯಕ್ತಪಡಿಸಿ ಬೇರೆ ಔಷಧ ಆರಂಭಿಸಿದರು. ಅದರಿಂದ ನಿದ್ದೆ ಹೆಚ್ಚಿತೇ ಹೊರತು ಉಳಿದದ್ದೇನೂ ಬದಲಾಗಲಿಲ್ಲ. ಆನಂತರ ಆಕೆ ನಮ್ಮ ತಂಡದ ಬಳಿಗೆ ಬಂದಳು. ಜೊತೆಗೆ ತಂದ ಚೀಟಿಯಲ್ಲಿ ಪೂರ್ವವೃತ್ತಾಂತ ಎಂಬಲ್ಲಿ ಬರೆದಿದ್ದದ್ದು ಇಷ್ಟೇ: ‘ಹಿಂದೆ ಯಾವ ತೊಂದರೆಯೂ ಇಲ್ಲ. ಶಾಂತ ಸ್ವಭಾವ, ವಿಧೇಯ ಹುಡುಗಿ.’

ನನ್ನ ಅಭಿಪ್ರಾಯದಲ್ಲಿ ಆ ಸಾಲು ರೋಗಲಕ್ಷಣಗಳ ಪಟ್ಟಿಗಿಂತ ಹೆಚ್ಚಿನದನ್ನು ಹೇಳುತ್ತಿತ್ತು. ಇಪ್ಪತ್ತು ವರ್ಷ ಯಾರ ಕಣ್ಣಿಗೂ ಬೀಳದೆ ಹೋದದ್ದು ಆಕೆಯಲ್ಲಿ ಆಟಿಸಂನ, ಅಂದರೆ ಇತರರೊಡನೆ ಬೆರೆಯುವ ಮತ್ತು ಸಂವೇದನೆಗಳನ್ನು ಗ್ರಹಿಸುವ ರೀತಿಯೇ ಬಾಲ್ಯದಿಂದ ಬೇರೆಯಾಗಿರುವ ಸ್ಥಿತಿಯ, ಲಕ್ಷಣಗಳು ಕಡಿಮೆಯಿದ್ದವೆಂಬ ಕಾರಣಕ್ಕಲ್ಲ. ಒಂದೊಂದು ಲಕ್ಷಣವೂ ಹೆಣ್ಣುಮಗುವಿನಲ್ಲಿ ನಮ್ಮವರು ಮೆಚ್ಚುವ ಒಂದೊಂದು ಗುಣದ ಹೆಸರಿನಲ್ಲಿ ಸಲ್ಲಿಕೆಯಾಗುತ್ತ ಬಂದದ್ದರಿಂದ.

ಬಾಲ್ಯ ಮತ್ತು ಶಾಲೆ

ತಾಯಿಯೊಂದಿಗೂ ಅಜ್ಜಿಯೊಂದಿಗೂ ಪ್ರತ್ಯೇಕವಾಗಿ ಮಾತಾಡಿ ಬೆಳವಣಿಗೆಯ ವಿವರಗಳನ್ನು ಪಡೆದೆವು. ಮಗು ಸಕಾಲದಲ್ಲಿ ನಡೆಯಿತು, ಸಕಾಲದಲ್ಲಿ ಮಾತು ಕಲಿಯಿತು. ಆದರೆ ನಾಲ್ಕನೆಯ ವಯಸ್ಸಿನ ಹೊತ್ತಿಗೆ, ಮನೆಯಲ್ಲಿ ಎಲ್ಲರೂ ತೆಲುಗಿನಲ್ಲಿ ಮಾತಾಡುತ್ತಿದ್ದರೂ, ಆಕೆ ಉತ್ತರ ಕೊಡುತ್ತಿದ್ದದ್ದು ಚಂದನ ವಾಹಿನಿಯ ವಾರ್ತೆಯಿಂದ ಕಲಿತ ಕನ್ನಡದಲ್ಲಿ. ಊಟಕ್ಕೆ ಕರೆದರೆ ‘ಈಗ ವಾರ್ತೆಗಳ ಮುಖ್ಯಾಂಶಗಳು’ ಎಂದು ಶುರುಮಾಡಿ, ಏನೇನು ತಿನ್ನುವುದಿಲ್ಲವೆಂಬುದನ್ನು ಓದಿಹೇಳುತ್ತಿದ್ದಳಂತೆ. ಮನೆಯವರು ಇದನ್ನು ಚೂಟಿತನವೆಂದು ನೆಂಟರ ಮುಂದೆ ಹೇಳಿಸುತ್ತಿದ್ದರು. ಕೇಳಿದ ಮಾತುಗಳನ್ನು ಇಡಿಯಾಗಿ ನೆನಪಿಟ್ಟು ಸಂದರ್ಭ ಬಂದಾಗ ಇಡಿಯಾಗಿ ಒಪ್ಪಿಸುವ ಈ ರೀತಿ ಆಟಿಸಂ ಇರುವ ಮಕ್ಕಳಲ್ಲಿ ಸಾಮಾನ್ಯವಾಗಿ ಕಂಡುಬರುವಂಥದು.

ಎರಡು ಭಾಷೆಗಳ ನಡುವಿನ ಈ ಬದುಕು ಬಹಳ ಒಳ್ಳೆಯ ಮರೆಯಾಯಿತು. ಆಕೆ ತರಗತಿಯಲ್ಲಿ ಹರಟೆಗೆ ಸೇರುವುದಿಲ್ಲವೆಂದಾಗ ಶಿಕ್ಷಕರು, ಮನೆಯಲ್ಲಿ ತೆಲುಗು, ಆದ್ದರಿಂದ ಹಿಂಜರಿಕೆ ಎಂದರು. ಆಕೆಯ ಮಾತು ಬಿಗಿಯೆಂದು ತೋರಿದಾಗ ನೆರೆಯವರು, ಕನ್ನಡ ಶಾಲೆಯಲ್ಲಿ ಓದಿದ ಹುಡುಗಿ, ಪುಸ್ತಕದ ಹಾಗೆ ಮಾತಾಡುತ್ತಾಳೆ ಎಂದರು. ಹೀಗೆ ಇಬ್ಬರೂ ಪರಸ್ಪರರ ಭಾಷೆಯ ಮೇಲೆ ಹೊಣೆ ಹಾಕಿದ್ದರಿಂದ, ಎರಡು ಭಾಷೆಗಳಲ್ಲಿಯೂ ಆಕೆಗೆ ಇದ್ದದ್ದು ಒಂದೇ ತೊಡಕು, ಅಂದರೆ ಮಾತಿನ ಹಿಂದಿರುವ ಉದ್ದೇಶವನ್ನು ಹಿಡಿಯುವ ತೊಡಕು ಎಂಬುದು ಯಾರಿಗೂ ಹೊಳೆಯಲಿಲ್ಲ. ಬಾಗೇಪಲ್ಲಿ, ಚಿಂತಾಮಣಿ, ಪಾವಗಡಗಳಂಥ ಗಡಿ ತಾಲ್ಲೂಕುಗಳಲ್ಲಿ ಮಕ್ಕಳ ತಪಾಸಣೆ ಮಾಡುವವರು ಎರಡೂ ಭಾಷೆಗಳಲ್ಲಿ ಮಾತಾಡಿಸಿ ನೋಡದೆ ತೀರ್ಮಾನಕ್ಕೆ ಬರಬಾರದೆಂದು ನಾನು ಇದರಿಂದಲೇ ಒತ್ತಿ ಹೇಳುತ್ತೇನೆ.

ಆಟದ ವಿಷಯ ಕೇಳಿದಾಗ ತಾಯಿ, ‘ಟೀಚರ್ ಆಟ ಆಡ್ತಿದ್ದಳು, ಎಲ್ಲ ಹುಡುಗಿಯರ ಹಾಗೆ’ ಎಂದರು. ಇನ್ನಷ್ಟು ಕೆದಕಿದಾಗ ತಿಳಿದದ್ದೇನೆಂದರೆ, ಆ ಆಟದಲ್ಲಿ ಪ್ರತಿದಿನವೂ ಅದೇ ಮಾತುಗಳು ಅದೇ ಕ್ರಮದಲ್ಲಿ ಬರುತ್ತಿದ್ದವು. ಬೇರೆ ಮಗು ಬಂದು ಇನ್ನೊಂದು ಮಾತು ಸೇರಿಸಿದರೆ ಆಟ ಮೊದಲಿನಿಂದ ಶುರುವಾಗಬೇಕಿತ್ತು. ಪಕ್ಕದ ಮನೆಯ, ಎರಡು ವರ್ಷ ದೊಡ್ಡವಳಾದ ಒಬ್ಬಳೇ ಗೆಳತಿಯಿದ್ದಳು. ಅವಳು ಎರಡು ಜಡೆ ಹಾಕಿದರೆ ಈಕೆಗೂ ಎರಡು ಜಡೆ. ಅವಳು ನಗುವಾಗ ಬಾಯಿಗೆ ಕೈ ಅಡ್ಡ ಹಿಡಿದರೆ ಈಕೆಯೂ ಹಿಡಿಯುವಳು. ಆ ಕುಟುಂಬ ಬೆಂಗಳೂರಿಗೆ ಹೋದಾಗ ಏಳನೆಯ ತರಗತಿಯಲ್ಲಿದ್ದ ಈಕೆ ಆರು ತಿಂಗಳು ಶಾಲೆಯಲ್ಲಿ ಬಾಯಿ ಬಿಡಲಿಲ್ಲ. ದೊಡ್ಡವಳಾಗುವ ಕಾಲವಲ್ಲವೇ, ನಾಚಿಕೆ ಎಂದುಕೊಂಡರು.

ಶಾಲೆಯಲ್ಲಿ ಈಕೆಯ ಹೆಸರು ಚೆನ್ನಾಗಿಯೇ ಇತ್ತು. ಬರವಣಿಗೆ ಅಚ್ಚುಕಟ್ಟು, ಹಾಜರಾತಿ ಪೂರ್ಣ. ಮಾನಿಟರ್ ಮಾಡಿದಾಗ ನಿಯಮ ಮುರಿದವರ ಹೆಸರುಗಳನ್ನೆಲ್ಲ ಬರೆದಳು, ಅದರಲ್ಲಿ ತಡವಾಗಿ ಬಂದ ಶಿಕ್ಷಕರೊಬ್ಬರ ಹೆಸರೂ ಇತ್ತು. ಮಾನಿಟರ್ ಕೆಲಸ ಅಲ್ಲಿಗೆ ಮುಗಿಯಿತು.

ಮೈನೆರೆದಾಗ ಆರತಿ ಶಾಸ್ತ್ರಕ್ಕೆ ಬಂದ ಹೆಂಗಸರು ಕೆನ್ನೆ ಸವರುತ್ತಿದ್ದಂತೆ ಎದ್ದು ಓಡಿ, ಕತ್ತಲಾಗುವವರೆಗೆ ಹಿಪ್ಪುನೇರಳೆ ಸಾಲುಗಳ ನಡುವೆ ಕುಳಿತಿದ್ದಳು. ‘ಈ ದಿನಗಳಲ್ಲಿ ಏನನ್ನೂ ಮುಟ್ಟಬಾರದು’ ಎಂದು ಅಜ್ಜಿ ಹೇಳಿದ್ದನ್ನು ಅಕ್ಷರಶಃ ಪಾಲಿಸಿ, ಮುಂದಿನ ತಿಂಗಳು ಶಾಲೆಯ ಪರೀಕ್ಷೆಯಲ್ಲಿ ಪೆನ್ನು ಮುಟ್ಟದೆ ಸುಮ್ಮನೆ ಕುಳಿತು ಖಾಲಿ ಹಾಳೆ ಕೊಟ್ಟುಬಂದಳು. ಪ್ಯಾಡಿನ ಪ್ಲಾಸ್ಟಿಕ್ ಸದ್ದು ಮತ್ತು ಸ್ಪರ್ಶವನ್ನು ಸಹಿಸಲಾಗದೆ ಆ ದಿನಗಳಲ್ಲಿ ಶಾಲೆಗೇ ಹೋಗದಿದ್ದದ್ದನ್ನು ಹೊಟ್ಟೆನೋವೆಂದು ಬರೆದುಕೊಟ್ಟರು. ಆಟಿಸಂ ಇರುವ ಹುಡುಗಿಯರ ಮುಟ್ಟಿನ ಬಗ್ಗೆ ನಮ್ಮಲ್ಲಿ ಯಾರೂ ಕೇಳುವುದಿಲ್ಲ. ಕೇಳಿದ್ದರೆ ಈ ಪ್ರಕರಣ ಹನ್ನೆರಡನೆಯ ವಯಸ್ಸಿನಲ್ಲಿಯೇ ತಿಳಿಯುತ್ತಿತ್ತೆಂಬುದು ನನ್ನ ನಂಬಿಕೆ.

ಹುಳುಮನೆಯ ನೋಟ್‌ಬುಕ್

ಆಟಿಸಂ ಎಂದೊಡನೆ ರೈಲಿನ ವೇಳಾಪಟ್ಟಿ ಬಾಯಿಪಾಠ ಮಾಡುವ ಹುಡುಗನ ಚಿತ್ರ ಅನೇಕರ ಮನಸ್ಸಿಗೆ ಬರುತ್ತದೆ. ಹುಡುಗಿಯರಲ್ಲಿಯೂ ಅಂಥ ತೀವ್ರ ಆಸಕ್ತಿ ಇರುತ್ತದೆ, ಆದರೆ ಅದರ ವಸ್ತು ಎಷ್ಟೋ ಸಲ ಸುತ್ತಲಿನವರಿಗೆ ಸಹಜವೆನಿಸುವಂಥದಾಗಿರುತ್ತದೆ. ಬೇರೆಯಾಗಿರುವುದು ಅದರ ಆಳ ಮಾತ್ರ. ಈಕೆಯ ಆಸಕ್ತಿ ರೇಷ್ಮೆ ಹುಳುವಿನದು. ರೇಷ್ಮೆ ಬೆಳೆಯುವ ಮನೆಯಲ್ಲಿ ಮಗಳು ಹುಳುಮನೆಯಲ್ಲಿ ಕೂತರೆ ಅದನ್ನು ಯಾರು ವಿಚಿತ್ರವೆನ್ನುತ್ತಾರೆ? ತಾಯಿ ಅದನ್ನು ಮನೆಗೆಲಸದಲ್ಲಿ ಶ್ರದ್ಧೆ ಎಂದೇ ಎಣಿಸಿದ್ದರು.

ಐದನೆಯ ತರಗತಿಯಿಂದ ಆಕೆ ಬರೆದುಕೊಂಡು ಬಂದಿರುವ ನೋಟ್‌ಬುಕ್‌ಗಳನ್ನು ನಾವು ನೋಡಿದೆವು. ಚಾಕಿ (ಎಳೆಯ) ಹುಳುಗಳಿಗೆ 26ರಿಂದ 28 ಡಿಗ್ರಿ ಶಾಖ ಮತ್ತು ಶೇ 80ರಿಂದ 90ರಷ್ಟು ತೇವಾಂಶ, ದೊಡ್ಡ ಹುಳುಗಳಿಗೆ 24–25 ಡಿಗ್ರಿ ಮತ್ತು ಶೇ 70–75 ಎಂಬ ಲೆಕ್ಕ. ಹುಳು ಮೇವು ಬಿಟ್ಟು ಪೊರೆ ಕಳಚುವ ನಾಲ್ಕು ‘ಜ್ವರ’ಗಳಲ್ಲಿ ಪ್ರತಿಯೊಂದಕ್ಕೂ ಹುಳು ಕೂತ ಗಂಟೆ, ಎದ್ದ ಗಂಟೆ. ಹಣ್ಣಾದ ಹುಳುಗಳನ್ನು ಗೂಡು ಕಟ್ಟುವ ತಟ್ಟೆಯಾದ ಚಂದ್ರಿಕೆಗೆ ಬಿಟ್ಟ ಹೊತ್ತು. ಒಂದು ಬೆಳೆಯೂ ತಪ್ಪಿಲ್ಲ. ಜ್ವರ ಕೂತ ಹುಳುವಿಗೆ ಸೊಪ್ಪು ಹಾಕಬಾರದು, ಮುಟ್ಟಬಾರದು, ಗಾಳಿಯಾಡುವಂತೆ ಬಿಡಬೇಕು ಎಂಬ ನಿಯಮದ ಪಕ್ಕದಲ್ಲಿ, ಪಿಯುಸಿ ಕಾಲದ ಒಂದು ಪುಟದಲ್ಲಿ, ಕೆಂಪು ಶಾಯಿಯಲ್ಲಿ ‘ನನಗೂ’ ಎಂದು ಬರೆದಿತ್ತು. ಐದನೆಯ ಹಂತದ ಹುಳುಗಳು ಸೊಪ್ಪು ಮೇಯುವಾಗ ಮಳೆ ಹನಿದಂತೆ ಕೇಳುವ ಸದ್ದಿನಲ್ಲಿ ಮಾತ್ರ ಆಕೆಗೆ ನಿದ್ದೆ ಚೆನ್ನಾಗಿ ಬರುತ್ತದೆ. ಅದೇ ಹುಡುಗಿ ಶಿಡ್ಲಘಟ್ಟ ಪೇಟೆಯಲ್ಲಿ ನೂಲು ತೆಗೆಯುವ ಘಟಕಗಳ ಬೀದಿಯಲ್ಲಿ, ಬೇಯುವ ಗೂಡಿನ ವಾಸನೆಗೆ ವಾಂತಿ ಮಾಡಿಕೊಳ್ಳುತ್ತಾಳೆ. ಒಂದು ಸಂವೇದನೆಯಲ್ಲಿ ನೆಮ್ಮದಿ, ಇನ್ನೊಂದರಲ್ಲಿ ಅಸಹನೆ ಎಂಬ ಈ ಏರುಪೇರು, ಅಮೆರಿಕದ ಮನೋವೈದ್ಯರ ಸಂಘದ ರೋಗನಿರ್ಣಯ ಕೈಪಿಡಿಯಾದ 2013ರ ಡಿಎಸ್‌ಎಂ-5ರಲ್ಲಿ ರೋಗನಿರ್ಣಯದ ಮಾನದಂಡಗಳ ಸಾಲಿಗೆ ಸೇರಿದೆ.

ಹೊರೆ ಏರಿದ ವರ್ಷಗಳು

2020ರಲ್ಲಿ ಆಕೆ ಎಸ್‌ಎಸ್‌ಎಲ್‌ಸಿ ಮುಗಿಸಿದಳು. ಕೋವಿಡ್ ಕಾಲದಲ್ಲಿ ಕಾಲೇಜು ಬಹುಪಾಲು ಮೊಬೈಲಿನಲ್ಲೇ ನಡೆದ ಪ್ರಥಮ ಪಿಯುಸಿಯ ವರ್ಷವನ್ನು ತಾಯಿ, ‘ಅವಳು ಅಷ್ಟು ನಗ್ತಾ ಇದ್ದದ್ದು ನಾನು ನೋಡೇ ಇರಲಿಲ್ಲ’ ಎಂದು ನೆನೆಯುತ್ತಾರೆ. ಎಲ್ಲರೂ ಮನೆಯಲ್ಲಿ ಕೂತು ಕುಗ್ಗುತ್ತಿದ್ದಾಗ ಒಬ್ಬಳು ಮಾತ್ರ ಅರಳಿದಳೆಂಬುದು ನಮಗೆ ಮುಖ್ಯ ಸುಳಿವಾಯಿತು. ಒಳಗಿನಿಂದಲೇ ಏಳುವ ಖಿನ್ನತೆ ಜನಸಂಪರ್ಕ ತಪ್ಪಿದ ಮಾತ್ರಕ್ಕೆ ಹೀಗೆ ಮಾಯವಾಗುವುದು ಅಪರೂಪ.

2022ರಲ್ಲಿ ಚಿಕ್ಕಬಳ್ಳಾಪುರದ ಕಾಲೇಜೊಂದರಲ್ಲಿ ಬಿ.ಕಾಂ. ಸೇರಿದಳು. ಬೆಳಗಿನ ಮೊದಲ ಬಸ್ಸು, ಚಾಲಕನ ಹಿಂದಿನ ಕಿಟಕಿಯ ಸೀಟು, ದುಪಟ್ಟಾದೊಳಗೆ ಕಿವಿಯಲ್ಲಿ ಹತ್ತಿ. ಒಂದು ವರ್ಷ ಹೀಗೆ ಸಾಗಿತು. 2023ರ ಜೂನ್ 11ರಂದು ಶಕ್ತಿ ಯೋಜನೆ ಜಾರಿಗೆ ಬಂದು ಸಾರಿಗೆ ಬಸ್ಸುಗಳಲ್ಲಿ ಮಹಿಳೆಯರಿಗೆ ಪ್ರಯಾಣ ಉಚಿತವಾದಾಗ ತಾಯಿ, ಅಜ್ಜಿ ಇಬ್ಬರೂ ಸಂತೋಷಪಟ್ಟರು. ಈಕೆಗೆ ಮಾತ್ರ ಬಸ್ಸು ತುಂಬಿತು, ಸೀಟು ತಪ್ಪಿತು, ಮೈಗೆ ಮೈ ತಾಗಿಸಿ ನಿಲ್ಲಬೇಕಾಯಿತು. ಯೋಜನೆಯನ್ನು ದೂರಲು ಇದನ್ನು ಹೇಳುತ್ತಿಲ್ಲ. ಲಕ್ಷಾಂತರ ಹೆಂಗಸರಿಗೆ ಬಾಗಿಲು ತೆರೆದ ಬದಲಾವಣೆಯೇ ಒಬ್ಬಳ ದಿನಚರಿಯನ್ನು ಕೆಡಿಸಬಹುದು, ಮತ್ತು ಹಾಗೆ ಕೆಟ್ಟದ್ದನ್ನು ಆಕೆ ಯಾರ ಮುಂದೆಯೂ ಹೇಳಿಕೊಳ್ಳುವಂತಿರಲಿಲ್ಲ. ಕಾಲೇಜು ತಲುಪಿದ ಮೇಲೆ ಶೌಚಾಲಯದಲ್ಲಿ ಬಾಗಿಲು ಹಾಕಿಕೊಂಡು ಅರ್ಧ ಗಂಟೆ ಕೂರುವುದು, ಸಂಜೆ ಮನೆಗೆ ಬಂದು ಕೈ ಕಚ್ಚಿಕೊಳ್ಳುವುದು ಆಗಿನಿಂದ ಆರಂಭವಾಯಿತು. ಆ ಬಸ್ಸಿನಲ್ಲಿಯೇ ಅಪರಿಚಿತನೊಬ್ಬ ಫೋನ್ ನಂಬರ್ ಕೇಳಿದಾಗ, ಕೇಳಿದ ಪ್ರಶ್ನೆಗೆ ಉತ್ತರ ಕೊಡಬೇಕೆಂಬ ನಿಯಮದಂತೆ ಕೊಟ್ಟಳು. ಆತನ ಕರೆಗಳು ನಿಂತದ್ದು ತಮ್ಮನಿಗೆ ತಿಳಿದ ಮೇಲೆ. ವಿಧೇಯತೆಯೊಂದನ್ನೇ ಕಲಿಸಿ ಬೆಳೆಸಿದ ಹುಡುಗಿಗೆ ‘ಇಲ್ಲ’ ಎನ್ನಲು ಯಾರೂ ಕಲಿಸಿರಲಿಲ್ಲ.

ಹೆಣ್ಣು ನೋಡಲು ಬಂದ ದಿನ ಈ ಎಲ್ಲ ಹೊರೆ ಒಟ್ಟಾಯಿತು. ಜರಿಯ ರವಿಕೆ ಕಂಕುಳಲ್ಲಿ ಒರೆಯುತ್ತಿತ್ತು. ರೇಷ್ಮೆ ಬೆಳೆಯುವವರ ಮಗಳಿಗೆ ರೇಷ್ಮೆ ಸೀರೆ ಮೈಗೆ ಆಗುವುದಿಲ್ಲವೆಂದರೆ ಯಾರು ನಂಬುತ್ತಾರೆ? ತಲೆಯ ತುಂಬ ಮಲ್ಲಿಗೆ, ಕೈತುಂಬ ಬಳೆ, ಹನ್ನೊಂದು ಜನ ಅಪರಿಚಿತರು. ಕಾಫಿ ಕೊಡುವಾಗ ಎಷ್ಟು ಕ್ಷಣ ಮುಖ ನೋಡಬೇಕು, ಯಾವಾಗ ತಲೆ ತಗ್ಗಿಸಬೇಕು ಎಂಬುದನ್ನು ಧಾರಾವಾಹಿಗಳನ್ನು ನೋಡಿ ವಾರವಿಡೀ ಅಭ್ಯಾಸ ಮಾಡಿದ್ದಳು. ಎಲ್ಲವೂ ಸರಿಯಾಗಿಯೇ ನಡೆಯಿತು. ಗಂಡಿನ ತಾಯಿ ‘ಹುಡುಗಿ ಬಹಳ ಗುಣವಂತೆ’ ಎಂದರು. ಮಾತು ನಿಂತದ್ದು ಅದರ ಮಾರನೆಯ ದಿನ.

ನಿರ್ಣಯಕ್ಕೆ ಬಂದ ದಾರಿ

ತಾನೇ ಮಾತಾಡಿಕೊಳ್ಳುತ್ತಾಳೆ ಎಂಬ ಅಂಶವನ್ನು ಮೊದಲು ಪರಿಶೀಲಿಸಿದೆವು. ಆಕೆಗೆ ಧ್ವನಿಗಳೇನೂ ಕೇಳಿಸುತ್ತಿರಲಿಲ್ಲ. ನಾಳೆ ಯಾರೊಡನೆ ಏನು ಮಾತಾಡಬೇಕಾಗಬಹುದೋ ಅದರ ಎರಡೂ ಪಾತ್ರಗಳನ್ನು ತಾನೇ ಆಡಿ ಸಿದ್ಧವಾಗುತ್ತಿದ್ದಳು. ಬಸ್ ಕಂಡಕ್ಟರ್‌ಗೆ ಹೇಳುವ ಮಾತಿಗೂ ಅಭ್ಯಾಸವಿತ್ತು. ಸಾಮಾಜಿಕ ಭೀತಿಯಿರುವವರಿಗೆ ಜನ ತಮ್ಮ ಬಗ್ಗೆ ಏನು ತಿಳಿದಾರೋ ಎಂಬ ಅಂಜಿಕೆ. ಈಕೆಯ ತೊಂದರೆ ಅದಲ್ಲ. ಆಕೆಯದೇ ಮಾತಿನಲ್ಲಿ: ‘ಅವರಿಗೆ ನನ್ನಿಂದ ಏನು ಬೇಕು ಅಂತ ಗೊತ್ತಾಗಲ್ಲ. ಗೊತ್ತಾದರೆ ಮಾಡ್ತೀನಿ.’ ದಿನಚರಿಯ ಹಟವನ್ನು ಗೀಳುರೋಗವೆನ್ನಲೂ ಆಗಲಿಲ್ಲ, ಏಕೆಂದರೆ ಗೀಳಿನಲ್ಲಿ ಕ್ರಿಯೆ ಬೇಡವೆನಿಸಿದರೂ ಬಿಡಲಾಗದ ಹಿಂಸೆಯಿರುತ್ತದೆ. ಈಕೆಗೆ ತನ್ನ ಕ್ರಮಗಳಲ್ಲಿ ಸಿಗುವುದು ನೆಮ್ಮದಿ. ಖಿನ್ನತೆ ಇದ್ದದ್ದು ನಿಜ, ಆದರೆ ಅದು ಮೂಲವಲ್ಲ, ಫಲ.

ನಮ್ಮ ದೇಶದಲ್ಲಿ ವಿಕಲಚೇತನರ ಪ್ರಮಾಣಪತ್ರಕ್ಕಾಗಿ ಆಟಿಸಂ ಅಳೆಯಲು ಬಳಸುವ ಐಎಸ್‌ಎಎ ಮಾಪನದಲ್ಲಿ 40 ಅಂಶಗಳಿವೆ. ಪ್ರತಿಯೊಂದಕ್ಕೂ 1ರಿಂದ 5ರವರೆಗೆ ಅಂಕ, ಮೊತ್ತ 70 ಮುಟ್ಟಿದರೆ ಆಟಿಸಂ ಎಂದು ಪರಿಗಣನೆ. ಕೊಠಡಿಯಲ್ಲಿ ಕಂಡ ನಡವಳಿಕೆಯಿಂದ ಮಾತ್ರ ಅಂಕ ಹಾಕಿದಾಗ ಆಕೆ ಆ ಗೆರೆಯ ಕೆಳಗೇ ಉಳಿದಳು. ಕಣ್ಣಲ್ಲಿ ಕಣ್ಣಿಟ್ಟು ಮಾತಾಡಿದ್ದಳು, ಸಮಯಕ್ಕೆ ಸರಿಯಾಗಿ ನಕ್ಕಿದ್ದಳು. ಹೇಗೆ ಎಂದು ಕೇಳಿದಾಗ, ಹುಬ್ಬುಗಳ ನಡುವೆ ನೋಡಿ ಮೂರು ಎಣಿಸಿ ದೃಷ್ಟಿ ತೆಗೆಯುತ್ತೇನೆಂದು ವಿವರಿಸಿದಳು. ಮನೆಯ ವಿವರ, ಶಾಲೆಯ ದಾಖಲೆ, ನೋಟ್‌ಬುಕ್‌ಗಳನ್ನೆಲ್ಲ ಸೇರಿಸಿ ಮರಳಿ ನೋಡಿದಾಗ ಮೊತ್ತ 70ನ್ನು ದಾಟಿತು. ಆಟಿಸಂನ ಲಕ್ಷಣಗಳನ್ನು ಮರೆಮಾಚುವ ಶ್ರಮವನ್ನೇ ಅಳೆಯಲು 2018ರಲ್ಲಿ ಪ್ರಕಟವಾದ 25 ಪ್ರಶ್ನೆಗಳ ಕ್ಯಾಟ್-ಕ್ಯೂ ಪ್ರಶ್ನಾವಳಿಯನ್ನು ನಾವು ತೆಲುಗು ಮತ್ತು ಕನ್ನಡದಲ್ಲಿ ಬಾಯಿಮಾತಿನಲ್ಲಿ ಕೇಳಿದೆವು. ಹೀಗೆ ಕೇಳಿದ್ದಕ್ಕೆ ಅಂಕದ ಬೆಲೆಯಿಲ್ಲ. ಆದರೆ ಇಪ್ಪತ್ತು ವರ್ಷದ ದುಡಿಮೆಯ ಬಗ್ಗೆ ಆಕೆ ಮೊದಲ ಬಾರಿಗೆ ಬಾಯಿಬಿಟ್ಟದ್ದು ಆ ಪ್ರಶ್ನೆಗಳಿಂದ.

ಇಂಥ ತಡ ಈ ತಾಲ್ಲೂಕಿಗಷ್ಟೇ ಸೀಮಿತವಾದದ್ದಲ್ಲ. 1943ರಲ್ಲಿ ಅಮೆರಿಕದ ಮಕ್ಕಳ ಮನೋವೈದ್ಯ ಲಿಯೋ ಕ್ಯಾನರ್ ಆಟಿಸಂ ಬಗ್ಗೆ ಬರೆಯುತ್ತ ವಿವರಿಸಿದ 11 ಮಕ್ಕಳಲ್ಲಿ ಹುಡುಗಿಯರು ಮೂವರು ಮಾತ್ರ. ಮರುವರ್ಷ ವಿಯೆನ್ನಾದ ಮಕ್ಕಳ ವೈದ್ಯ ಹಾನ್ಸ್ ಆಸ್ಪರ್ಗರ್ ವಿವರವಾಗಿ ಬರೆದ ನಾಲ್ವರೂ ಹುಡುಗರು. ಆಟಿಸಂನ ಚಿತ್ರ ಹುಡುಗರನ್ನು ನೋಡಿ ಬರೆದದ್ದು. ಮಾಪನಗಳು ಆ ಚಿತ್ರದಿಂದ ಹುಟ್ಟಿದವು. ಆ ಮಾಪನಗಳು ಮತ್ತೆ ಹುಡುಗರನ್ನೇ ಹೆಚ್ಚಾಗಿ ಹುಡುಕಿಕೊಟ್ಟವು. ಒಬ್ಬ ಹುಡುಗಿಗೆ ನಾಲ್ವರು ಹುಡುಗರು ಎಂದು ಬಹುಕಾಲ ಹೇಳುತ್ತಿದ್ದ ಪ್ರಮಾಣವು, ಹಲವು ಅಧ್ಯಯನಗಳನ್ನು ಒಟ್ಟುಗೂಡಿಸಿದ 2017ರ ವಿಶ್ಲೇಷಣೆಯಲ್ಲಿ ಮೂವರ ಹತ್ತಿರಕ್ಕೆ ಇಳಿಯಿತು. ಬುದ್ಧಿಯ ಅಥವಾ ಭಾಷೆಯ ಹಿನ್ನಡೆಯಿಲ್ಲದ ಹುಡುಗಿಯರು ಗುರುತಿಸಲ್ಪಡದೆ ಹೋಗಬಹುದೆಂದು ಡಿಎಸ್‌ಎಂ-5 ಕೂಡ ಎಚ್ಚರಿಸುತ್ತದೆ. ‘ಕಣ್ಣಿಗೆ ಕಣ್ಣು ಕೊಡುತ್ತಾಳೆಯೇ’ ಎಂದು ಕೇಳುವವರು ‘ಹೇಗೆ ಕೊಡುತ್ತಾಳೆ, ಕೊಟ್ಟ ಮೇಲೆ ಸಂಜೆ ಏನಾಗುತ್ತದೆ’ ಎಂದೂ ಕೇಳಬೇಕು.

ಮುಂದಿನ ಕ್ರಮಗಳು

ನಿರ್ಣಯವನ್ನು ಮೊದಲು ಆಕೆಗೆ, ಒಬ್ಬಳಿಗೇ ತಿಳಿಸಿದೆವು. ಆಕೆ ಕೇಳಿದ್ದು ಒಂದೇ: ‘ಹಾಗಾದರೆ ನಾನು ಸೋಮಾರಿ ಅಲ್ವಾ?’ ತಂದೆಗೆ ಇದು ಹುಚ್ಚಲ್ಲವೆಂಬುದೇ ದೊಡ್ಡ ಸಮಾಧಾನ; ಗುಳಿಗೆಯಿಂದ ಹೋಗುವುದಿಲ್ಲವೆಂಬುದು ದೊಡ್ಡ ಚಿಂತೆ. ಮನೋವಿಕಾರಕ್ಕೆ ಕೊಟ್ಟಿದ್ದ ಔಷಧವನ್ನು ಮನೋವೈದ್ಯರ ನಿಗಾದಲ್ಲಿ ಹಂತಹಂತವಾಗಿ ನಿಲ್ಲಿಸಲಾಯಿತು. ಖಿನ್ನತೆಯ ಔಷಧ ಮುಂದುವರಿದಿದೆ.

ಮನೆಯಲ್ಲಿ ಮಾಡಿದ ಬದಲಾವಣೆಗಳು ದುಬಾರಿಯವಲ್ಲ. ಒಳಗೆ ಹತ್ತಿಯ ಅಸ್ತರು ಹೊಲಿಸಿದ ರವಿಕೆ, ಮುಟ್ಟಿಗೆ ತೊಳೆದು ಬಳಸುವ ಹತ್ತಿಬಟ್ಟೆಯ ಪ್ಯಾಡು, ನೆಂಟರು ಬರುವ ದಿನ ಮತ್ತು ಹೋಗುವ ಸಮಯವನ್ನು ಗೋಡೆಯ ಕ್ಯಾಲೆಂಡರಿನಲ್ಲಿ ಬರೆಯುವುದು, ‘ಸೊಪ್ಪು ನೋಡಿ ಬರ್ತೀನಿ’ ಎಂದರೆ ಯಾರೂ ಪ್ರಶ್ನಿಸದೆ ಹೊರಗೆ ಬಿಡುವುದು. ಎದುರಿನ ವ್ಯಕ್ತಿ ಯಾರು, ಕೇಳುತ್ತಿರುವುದು ಏನು, ಉತ್ತರ ಕೊಡದಿದ್ದರೆ ತಪ್ಪೇ ಎಂಬ ಮೂರು ಪ್ರಶ್ನೆಗಳ ಮೂಲಕ ನಿರಾಕರಿಸುವುದನ್ನು ಕಲಿಸುವುದಕ್ಕೆ ತಿಂಗಳುಗಳೇ ಹಿಡಿದವು. ಸೂಚ್ಯವಾಗಿ ಹೇಳಿದ್ದು ಆಕೆಗೆ ತಲುಪುವುದಿಲ್ಲವಾದ್ದರಿಂದ, ಮೈ ಮುಟ್ಟುವ ವಿಷಯವನ್ನೂ ಮುಚ್ಚುಮರೆಯಿಲ್ಲದ ಮಾತುಗಳಲ್ಲಿ ಹೇಳಬೇಕಾಯಿತು. ತಾಯಿಗೆ ಮೊದಲು ಮುಜುಗರವಾದರೂ ಕೊನೆಗೆ ಅವರೇ ಕುಳಿತು ಹೇಳಿದರು.

ಹುಳುಮನೆಯ ಲೆಕ್ಕಾಚಾರವನ್ನು ತಂದೆ ಪೂರ್ಣವಾಗಿ ಆಕೆಗೆ ಒಪ್ಪಿಸಿದ್ದಾರೆ. ಹುಳು ಜ್ವರದಿಂದ ಏಳುವ ಹೊತ್ತನ್ನು ಆಕೆ ಅಂದಾಜಿಸಿದಷ್ಟು ಕರಾರುವಾಕ್ಕಾಗಿ ತಾನು ಅಂದಾಜಿಸಲಾರೆನೆಂದು ಅವರೇ ಹೇಳುತ್ತಾರೆ. ಗೂಡು ಮಾರುಕಟ್ಟೆಗೆ ಮಾತ್ರ ಅವರೊಬ್ಬರೇ ಹೋಗುತ್ತಾರೆ. ಅಲ್ಲಿಯ ಗದ್ದಲಕ್ಕೆ ಆಕೆಯನ್ನು ಒಗ್ಗಿಸಬೇಕೆಂದು ನಾವು ಯತ್ನಿಸಿಲ್ಲ, ಯತ್ನಿಸುವ ಅಗತ್ಯವೂ ಕಾಣಲಿಲ್ಲ.

ಪ್ರಮಾಣಪತ್ರದ ಪ್ರಶ್ನೆ ಇನ್ನೂ ಬಗೆಹರಿದಿಲ್ಲ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆ ಪಟ್ಟಿಮಾಡಿರುವ 21 ಬಗೆಗಳಲ್ಲಿ ಆಟಿಸಂ ಸೇರಿದೆ. ವೈಕಲ್ಯ ಶೇ 40 ಅಥವಾ ಅದಕ್ಕಿಂತ ಹೆಚ್ಚು ಎಂದು ಪ್ರಮಾಣೀಕರಿಸಿದರೆ ಸರ್ಕಾರಿ ನೌಕರಿಯ ಶೇ 4ರ ಮೀಸಲಾತಿಯಲ್ಲಿ ಹಕ್ಕಿದೆ. ಪರೀಕ್ಷೆಯಲ್ಲಿ ಗಂಟೆಗೆ 20 ನಿಮಿಷ ಹೆಚ್ಚುವರಿ ಸಮಯಕ್ಕೆ ಅವಕಾಶವಿದೆ. ಈಕೆಗೆ ಬೇಕಾದದ್ದು ಹೆಚ್ಚು ಸಮಯವಲ್ಲ, ಫ್ಯಾನಿನ ಸದ್ದಿಲ್ಲದ ಬೇರೆ ಕೊಠಡಿ. ಅದನ್ನು ಕಾಲೇಜು ಪ್ರಾಂಶುಪಾಲರ ಮಟ್ಟದಲ್ಲೇ ಒದಗಿಸಿತು, ಬಿ.ಕಾಂ. ಮುಗಿಯಿತು. ವಿಕಲಚೇತನರ ಗುರುತಿನ ಚೀಟಿಯಾದ ಯುಡಿಐಡಿ ಕಾರ್ಡ್ ಮಾಡಿಸಿದರೆ ಊರಿಗೆಲ್ಲ ತಿಳಿದು ಸಂಬಂಧ ಕೂಡಿಬರುವುದಿಲ್ಲವೆಂದು ತಾಯಿಗೆ ಭಯ.

ಮದುವೆಯ ಬಗ್ಗೆ ಆಕೆಯ ನಿಲುವು ಮನೆಯವರು ಊಹಿಸಿದ್ದಕ್ಕಿಂತ ಬೇರೆ. ‘ಬೇಡ ಅಂತ ಅಲ್ಲ. ಆ ಮನೆಯಲ್ಲಿ ಎಷ್ಟು ಜನ ಇರ್ತಾರೆ, ನನಗೆ ಬಾಗಿಲು ಹಾಕಿಕೊಳ್ಳೋ ಕೋಣೆ ಇದೆಯಾ, ಅದನ್ನ ಮೊದಲೇ ಹೇಳಬೇಕು.’ ಆಟಿಸಂ ಎಂಬುದೇ ಮದುವೆಗೆ ಕಾನೂನಿನ ಅಡ್ಡಿಯಲ್ಲ. 1955ರ ಹಿಂದೂ ವಿವಾಹ ಕಾಯ್ದೆ ನೋಡುವುದು ಒಪ್ಪಿಗೆ ಕೊಡುವ ಸಾಮರ್ಥ್ಯವನ್ನು. ಅದು ಈಕೆಗೆ ಸಂಪೂರ್ಣವಾಗಿದೆ. ಆದರೆ ಮುಖ್ಯ ಸಂಗತಿಯೊಂದನ್ನು ವಂಚನೆಯಿಂದ ಮುಚ್ಚಿಟ್ಟು ಪಡೆದ ಒಪ್ಪಿಗೆಯನ್ನು ಮುಂದಿಟ್ಟು ಮದುವೆಯನ್ನು ರದ್ದುಪಡಿಸುವಂತೆ ನ್ಯಾಯಾಲಯವನ್ನು ಕೇಳಲು ಅದೇ ಕಾಯ್ದೆಯ 12ನೆಯ ಕಲಂ ಅವಕಾಶ ಕೊಡುತ್ತದೆ. ತಂದೆ, ಮದುವೆಯಾದ ಮೇಲೆ ನಿಧಾನವಾಗಿ ಹೇಳೋಣವೆಂದರು. ಮಗಳು, ಕೇಳಿದರೆ ನಾನು ಸುಳ್ಳು ಹೇಳುವುದಿಲ್ಲವೆಂದಳು. ಅಲ್ಲಿಗೆ ಆ ಚರ್ಚೆ ಮುಗಿಯಿತು. ಮೊದಲೇ ಹೇಳಿದ್ದರಿಂದ ಒಂದು ಸಂಬಂಧ ತಪ್ಪಿಹೋಗಿದೆ. ಈಗ ಮಾತುಕತೆಯಲ್ಲಿರುವ ಚಿಂತಾಮಣಿ ಕಡೆಯ ಕುಟುಂಬ ಹಿಂದೆ ಸರಿದಿಲ್ಲ; ಇದು ಮಕ್ಕಳಿಗೂ ಬರುತ್ತದೆಯೇ ಎಂದು ಕೇಳಿಕಳಿಸಿದ್ದಾರೆ. ಆಟಿಸಂನಲ್ಲಿ ವಂಶವಾಹಿಗಳ ಪಾತ್ರ ದೊಡ್ಡದು, ಸಾಧ್ಯತೆ ಉಳಿದವರಿಗಿಂತ ಹೆಚ್ಚು, ಆದರೆ ಬಂದೇ ಬರುತ್ತದೆಂದೂ ಬರುವುದೇ ಇಲ್ಲವೆಂದೂ ಯಾರೂ ಹೇಳಲಾರರು ಎಂದು ಬರೆದುಕೊಟ್ಟಿದ್ದೇವೆ. ಆ ಪತ್ರವನ್ನು ತೆಲುಗಿಗೆ ಮಾಡಿದವಳು ಆಕೆಯೇ. ಕೆಳಗೆ ತನ್ನ ಕಡೆಯಿಂದ ಎರಡು ಪ್ರಶ್ನೆಗಳನ್ನು ಸೇರಿಸಿ ಕಳಿಸಿದ್ದಾಳೆ: ಮನೆಯಲ್ಲಿ ಎಷ್ಟು ಜನ, ಹುಳುಮನೆ ಇದೆಯೇ.